ತಾನೇ ಎಳೆದ ಗೆರೆ

ನಮ್ಮ ತಾಲ್ಲೂಕು ವಕೀಲರ ಸಂಘದ ಅಧ್ಯಕ್ಷ ಸ್ಥಾನಕ್ಕೆ ನಿಂತು ನಾನು 11 ಮತಗಳಿಂದ ಸೋತೆ. ಮತ ಹಾಕಿದವರೇ ನೂರನಲವತ್ತು ಚಿಲ್ಲರೆ ಜನ. ಅಷ್ಟು ಚೀಟಿ ಎಣಿಸುವುದು ಏನು ಮಹಾ, ಮರುಎಣಿಕೆ ಆಗಲೇಬೇಕು ಎಂದು ಪಟ್ಟು ಹಿಡಿದೆ. ಎಣಿಸಿದರು. ಅಂತರ 12 ಆಯಿತು. ಮನೆಗೆ ಬಂದು, 'ಎಲ್ಲರೂ ಜಾತಿ ನೋಡಿ ಹಾಕಿದ್ದಾರೆ' ಎಂದು ಹೆಂಡತಿಯ ಮುಂದೆ ಕೂಗಾಡಿದೆ. 'ನಿಮಗೆ ಹಾಕಿದವರು ಏನು ನೋಡಿ ಹಾಕಿದ್ರು?' ಎಂದವಳು ಸಾರಿಗೆ ಒಗ್ಗರಣೆ ಹಾಕಲು ಒಳಗೆ ಹೋದಳು. ಗೆದ್ದವನು ಇಪ್ಪತ್ತೈದು ವರ್ಷದ ಗೆಳೆಯ. ಕೋರ್ಟಿನ ಕ್ಯಾಂಟೀನಿನಲ್ಲಿ ಒಂದೇ ಬೆಂಚಿನಲ್ಲಿ ಕೂತು ಬೈ-ಟು ಕಾಫಿ ಕುಡಿಯುತ್ತಿದ್ದವರು. ಮೂರು ತಿಂಗಳು ನಾನು ಅವನ ಮುಖ ನೋಡಲಿಲ್ಲ.

ಇದನ್ನು ಹೇಳಿಕೊಳ್ಳಲು ನಾಚಿಕೆಯಾಗುವುದಕ್ಕೆ ಇನ್ನೊಂದು ಕಾರಣವಿದೆ. ನಾನು ಓಟಗಾರ. ಹೈಸ್ಕೂಲಿನಲ್ಲಿ ನೂರು ಮೀಟರ್ ಓಡುತ್ತಿದ್ದೆ, ಬರಿಗಾಲಲ್ಲಿ. ನಮ್ಮ ಪಿ.ಇ. ಮೇಷ್ಟ್ರು ಬೆಳಿಗ್ಗೆ ಆರಕ್ಕೇ ಮೈದಾನಕ್ಕೆ ಬಂದು, ತಳಕ್ಕೆ ಮೊಳೆಯಲ್ಲಿ ತೂತು ಹೊಡೆದ ಡಬ್ಬಕ್ಕೆ ಸುಣ್ಣದ ಪುಡಿ ತುಂಬಿ ಗೆರೆ ಎಳೆಯುತ್ತಿದ್ದರು. ಸೊಟ್ಟಗಾದರೆ ಕಾಲಲ್ಲಿ ಒರೆಸಿ ಮತ್ತೆ ಎಳೆಯುತ್ತಿದ್ದರು. ಜಿಲ್ಲಾ ಕ್ರೀಡಾಕೂಟದಲ್ಲಿ ನಾನು ಎರಡನೆಯವನಾದೆ. ಮೊದಲು ಬಂದವನಿಗೂ ನನಗೂ ಎದೆಯಷ್ಟು ವ್ಯತ್ಯಾಸ. ತೀರ್ಪುಗಾರರ ಹತ್ತಿರ ಜಗಳಕ್ಕೆ ಹೊರಟವನನ್ನು ಮೇಷ್ಟ್ರು ರೆಟ್ಟೆ ಹಿಡಿದು ಎಳೆದುಕೊಂಡು ಬಂದು, 'ನೀನು ಗೆದ್ದಿದ್ರೆ ಅದೇ ಮನುಷ್ಯ ಒಳ್ಳೆಯವನಾಗಿರ್ತಿದ್ದ, ಅಲ್ವೇನೋ?' ಎಂದರು.

ಐವತ್ತು ವರ್ಷದ ಹಿಂದಿನ ಆ ಮಾತು ನನಗೆ ಮತ್ತೆ ಕೇಳಿಸಿದ್ದು ಒಬ್ಬ ಜಮೈಕಾ ವಕೀಲರ ಬದುಕನ್ನು ಓದುವಾಗ. ಅವರೂ ಓಡಿದವರು, ಕರಿ ಕೋಟು ಹಾಕಿದವರು, ಚುನಾವಣೆಗೆ ನಿಂತು ಸೋತವರು. ನನ್ನದು ಡಬ್ಬದ ಸುಣ್ಣದ ಗೆರೆಯಷ್ಟು, ಅವರದು ಒಂದು ದೇಶದಷ್ಟು. ಹೆಸರು ನಾರ್ಮನ್ ಮ್ಯಾನ್ಲಿ.

ಕ್ರೀಡಾಪಟುಗಳು ರಾಜಕೀಯಕ್ಕೆ ಬರಬೇಕೇ ಎಂಬ ಮಾತು ಪ್ರತಿ ಚುನಾವಣೆಯ ಹೊತ್ತಿಗೆ ನಮ್ಮಲ್ಲಿ ಎದ್ದು ತಣ್ಣಗಾಗುತ್ತದೆ. ಪಕ್ಷಗಳಿಗೆ ಬೇಕಿರುವುದು ಪೋಸ್ಟರಿಗೊಂದು ಮುಖ. ಶಾಲು ಹೊದಿಸಿ, ಹಾರ ಹಾಕಿ, ಟಿಕೆಟ್ ಕೊಟ್ಟರೆ ಕೆಲಸ ಮುಗಿಯಿತು. ಆದರೆ ಮೈದಾನದಿಂದ ವಿಧಾನಸಭೆಗೆ ಒಯ್ಯಬೇಕಾದ ಒಂದು ಗುಣವಿದೆ, ಅದನ್ನು ಯಾರೂ ಕೇಳಿದ್ದು ನಾನು ಕಂಡಿಲ್ಲ. ಅದು ಸೋಲಿಗೆ ತಲೆಬಾಗುವ ಗುಣ. ಓಡಿದವರಿಗೆಲ್ಲ ಅದು ತಾನಾಗಿ ಬರುವುದಿಲ್ಲ ಎನ್ನುವುದಕ್ಕೆ ನಾನೇ ಸಾಕ್ಷಿ. ಬಂದರೆ ಏನಾಗುತ್ತದೆ ಎನ್ನುವುದಕ್ಕೆ ಮ್ಯಾನ್ಲಿ ಸಾಕ್ಷಿ.

ಜಮೈಕಾ ಎಂದರೆ ಸುಮಾರು 11,000 ಚದರ ಕಿಲೋಮೀಟರ್, ನಮ್ಮ ಕಲಬುರಗಿ ಜಿಲ್ಲೆಯಷ್ಟು ದೊಡ್ಡ ದ್ವೀಪ. ಅಲ್ಲಿನ ಮ್ಯಾಂಚೆಸ್ಟರ್ ಎಂಬ ಪ್ರಾಂತದಲ್ಲಿ 1893ರ ಜುಲೈ 4ರಂದು ಮ್ಯಾನ್ಲಿ ಹುಟ್ಟಿದರು. ಅಪ್ಪ ಹಳ್ಳಿಯ ಕೃಷಿ ಉತ್ಪನ್ನಗಳ ವ್ಯಾಪಾರಿ. ಹುಡುಗನಿಗೆ ಆರೇಳು ವರ್ಷವಾಗುವ ಹೊತ್ತಿಗೆ ಅಪ್ಪ ತೀರಿಕೊಂಡ. ನಾಲ್ಕು ಮಕ್ಕಳನ್ನು ಕಟ್ಟಿಕೊಂಡು ತಾಯಿ ಮಾರ್ಗರೆಟ್ ಹಾಳುಬಿದ್ದಿದ್ದ ಒಂದು ಜಮೀನಿನಲ್ಲಿ ಸಂಸಾರ ಹೂಡಿದಳು. 1909ರಲ್ಲಿ ಅವಳೂ ಹೋದಳು. ಆಗ ಹುಡುಗನಿಗೆ ಹದಿನಾರು.

ಎರಡು ವರ್ಷದ ನಂತರ, 1911ರಲ್ಲಿ, ಜಮೈಕಾ ಕಾಲೇಜು ಎಂಬ ಶಾಲೆಯ ಪರವಾಗಿ ಆ ತಬ್ಬಲಿ ಹುಡುಗ ಅಂತರಶಾಲಾ ಕೂಟದಲ್ಲಿ ನೂರು ಗಜದ ಓಟವನ್ನು 10 ಸೆಕೆಂಡಿನಲ್ಲಿ ಮುಗಿಸಿದ. ನೂರು ಗಜವೆಂದರೆ ತೊಂಬತ್ತೊಂದೂವರೆ ಮೀಟರಿಗೆ ಚೂರು ಕಡಿಮೆ. ಹಿಂದಿನ ವರ್ಷವಷ್ಟೇ ಶುರುವಾಗಿದ್ದ ಆ ಕೂಟವನ್ನು ಜಮೈಕಾದವರು 'ಚಾಂಪ್ಸ್' ಎನ್ನುತ್ತಾರೆ. ಮುಂದೊಂದು ದಿನ ಉಸೇನ್ ಬೋಲ್ಟ್ ಓಡಿದ್ದೂ ಅದೇ ಕೂಟದಲ್ಲಿ. ಮ್ಯಾನ್ಲಿಯ ದಾಖಲೆಯನ್ನು ಅಲ್ಲಿನ ಶಾಲಾ ಹುಡುಗರು ಮುರಿದದ್ದು 1952ರಲ್ಲಿ. ಜಮೈಕಾದ ನಾಲ್ವರು ಹೆಲ್ಸಿಂಕಿ ಒಲಿಂಪಿಕ್ಸ್‌ನಲ್ಲಿ ರಿಲೇ ಚಿನ್ನ ಗೆದ್ದ ವರ್ಷ ಅದು. ಓಟವೇ ಉಸಿರಾಗಿರುವ ನಾಡಿನಲ್ಲಿ ಒಬ್ಬ ಹುಡುಗನ ಕಾಲು ಬರೆದ ಅಂಕಿ 41 ವರ್ಷ ಅಳಿಯಲಿಲ್ಲ.

ಆ ಕೂಟ ಮೊದಲ ದಶಕಗಳಲ್ಲಿ ನಡೆಯುತ್ತಿದ್ದದ್ದು ಕಿಂಗ್‌ಸ್ಟನ್ನಿನ ಸಬೀನಾ ಪಾರ್ಕಿನಲ್ಲಿ. ನನ್ನ ವಯಸ್ಸಿನ ಕನ್ನಡಿಗರಿಗೆ ಆ ಹೆಸರು ಕೇಳಿದರೆ ಬೆರಳು ನೋಯುತ್ತದೆ. 1976ರ ಏಪ್ರಿಲಿನಲ್ಲಿ ಮೈಕೇಲ್ ಹೋಲ್ಡಿಂಗ್ ಎಸೆತ ನಮ್ಮ ಗುಂಡಪ್ಪ ವಿಶ್ವನಾಥರ ಬೆರಳು ಮುರಿದದ್ದು, ಬ್ರಿಜೇಶ್ ಪಟೇಲರ ಬಾಯಿಗೆ ಚೆಂಡು ಬಡಿದದ್ದು ಆ ನೆಲದಲ್ಲೇ. ಕ್ಷೌರದಂಗಡಿಯಲ್ಲಿ ಪತ್ರಿಕೆ ಹಿಡಿದು ಅದನ್ನು ಗಟ್ಟಿಯಾಗಿ ಓದಿದ್ದು ನನಗೆ ನೆನಪಿದೆ. ಅರ್ಧ ಕತ್ತರಿಸಿದ ತಲೆಗಳೆಲ್ಲ ನನ್ನ ಕಡೆ ತಿರುಗಿದ್ದವು. ಆಗ ಜಮೈಕಾದ ಪ್ರಧಾನಿಯಾಗಿದ್ದವರು ನಾರ್ಮನ್ ಮ್ಯಾನ್ಲಿಯ ಮಗ ಮೈಕೇಲ್ ಮ್ಯಾನ್ಲಿ. ಮುಂದೆ ವೆಸ್ಟ್ ಇಂಡೀಸ್ ಕ್ರಿಕೆಟ್ಟಿನ ದಪ್ಪ ಇತಿಹಾಸವೊಂದನ್ನು ಬರೆದವರೂ ಅವರೇ.

ಓಟ ಮತ್ತು ಓದು ಎರಡೂ ಕೂಡಿಬಂದದ್ದಕ್ಕೆ 1914ರಲ್ಲಿ ಮ್ಯಾನ್ಲಿಗೆ ರೋಡ್ಸ್ ವಿದ್ಯಾರ್ಥಿವೇತನ ಸಿಕ್ಕಿತು. ಸೆಸಿಲ್ ರೋಡ್ಸ್ ತನ್ನ ಉಯಿಲಿನಲ್ಲೇ ಪುಸ್ತಕದ ಹುಳುಗಳು ಬೇಡ, ಆಟದ ಒಲವೂ ಇರಬೇಕು ಎಂದು ಬರೆಸಿದ್ದ. ಸಾಮ್ರಾಜ್ಯ ಬೆಳೆಯಲಿ ಎಂದು ಆತ ಇಟ್ಟ ದುಡ್ಡಿನಲ್ಲಿ, ಅದೇ ಸಾಮ್ರಾಜ್ಯದ ಬೇಲಿ ಕೀಳುವ ವಕೀಲನೊಬ್ಬ ಆಕ್ಸ್‌ಫರ್ಡಿನ ಜೀಸಸ್ ಕಾಲೇಜಿನಲ್ಲಿ ತಯಾರಾದ. ನಡುವೆ ಮಹಾಯುದ್ಧ ಬಂತು. ತಮ್ಮ ರಾಯ್ ಜೊತೆ ಫಿರಂಗಿ ಪಡೆಗೆ ಸೇರಿದರು. ಕರಿಯನೊಬ್ಬನಿಂದ ಆಜ್ಞೆ ಪಡೆಯಲು ಬಿಳಿ ಸೈನಿಕರಿಗೆ ಮನಸ್ಸಿಲ್ಲ. ಆ ಕಿರುಕುಳ ತಾಳದೆ ತೋಳಿನ ಪಟ್ಟಿಯನ್ನೇ ಬಿಟ್ಟುಕೊಟ್ಟು ಬೇರೆ ತುಕಡಿಗೆ ಹೋದರು. ರಾಯ್ 1917ರಲ್ಲಿ ಯುದ್ಧಭೂಮಿಯಲ್ಲೇ ಸತ್ತ. ನಾರ್ಮನ್ ಶೌರ್ಯಕ್ಕೆ ಮಿಲಿಟರಿ ಮೆಡಲ್ ಪಡೆದು, ಮತ್ತೆ ಪುಸ್ತಕ ಹಿಡಿದು, ಕಾನೂನಿನಲ್ಲಿ ಪ್ರಥಮ ದರ್ಜೆ ಗಳಿಸಿ, 1921ರಲ್ಲಿ ಲಂಡನ್ನಿನ ಗ್ರೇಸ್ ಇನ್‌ನಿಂದ ಬ್ಯಾರಿಸ್ಟರ್ ಆದರು. ಮರುವರ್ಷ ಹೆಂಡತಿ ಎಡ್ನಾ ಜೊತೆ ಊರಿಗೆ ಮರಳಿದರು. ಎಡ್ನಾ ಶಿಲ್ಪಿ, ಜಮೈಕಾದ ಆಧುನಿಕ ಕಲೆಗೆ ತಾಯಿಯಿದ್ದಂತೆ.

ಹತ್ತೇ ವರ್ಷದಲ್ಲಿ, 1932ಕ್ಕೆ, ಮ್ಯಾನ್ಲಿ ಕಿಂಗ್ಸ್ ಕೌನ್ಸೆಲ್. ದ್ವೀಪದಲ್ಲೇ ಮೊದಲ ಸಾಲಿನ ವಕೀಲರು. ತಾಲ್ಲೂಕು ಕೋರ್ಟಿನ ನನ್ನಂಥವನಿಗೆ ಇಲ್ಲೇ ಹೊಟ್ಟೆಕಿಚ್ಚು ಶುರುವಾಗುತ್ತದೆ. ಅಂಥ ವಕೀಲಿಕೆ ಇದ್ದವರು ಅಲ್ಲಿಗೇ ನಿಂತಿದ್ದರೆ ನೆಮ್ಮದಿಯಾಗಿ ಬಂಗಲೆ ಕಟ್ಟಿಕೊಂಡು ಬದುಕಬಹುದಿತ್ತು. ಮ್ಯಾನ್ಲಿ ಬಾಳೆ ಬೆಳೆಗಾರರ ಕಡೆಯಿಂದ ಅಮೆರಿಕದ ದೈತ್ಯ ಯುನೈಟೆಡ್ ಫ್ರೂಟ್ ಕಂಪನಿಯ ಎದುರು ಕೂತು ವ್ಯವಹಾರ ಮಾತಾಡುತ್ತ, ರಫ್ತಾಗುವ ಪ್ರತಿ ಗೊನೆಗೆ ಒಂದು ಸೆಂಟ್‌ನಂತೆ ಹಳ್ಳಿಗಳ ಏಳಿಗೆಗೆ ತೆಗೆದಿಡುವ ಒಪ್ಪಂದ ಮಾಡಿಸಿದರು. ಆ ದುಡ್ಡಿನಲ್ಲಿ 1937ರಲ್ಲಿ ಜಮೈಕಾ ವೆಲ್‌ಫೇರ್ ಎಂಬ ಸಂಸ್ಥೆ ಹುಟ್ಟಿತು.

ಮರುವರ್ಷ ದ್ವೀಪಕ್ಕೆ ಬೆಂಕಿ ಬಿತ್ತು. 1938ರ ಮೇ ತಿಂಗಳಲ್ಲಿ ಫ್ರೋಮ್ ಎಂಬಲ್ಲಿನ ಸಕ್ಕರೆ ತೋಟದಲ್ಲಿ ಕೂಲಿ ಕೇಳಿದ ಜನರ ಮೇಲೆ ಪೊಲೀಸರು ಎರಗಿದರು, ಸಾವುಗಳಾದವು. ಕೆಲವೇ ವಾರದಲ್ಲಿ ಕಿಂಗ್‌ಸ್ಟನ್ನಿನ ಬಂದರು ಕೂಲಿಗಳು ಬೀದಿಗಿಳಿದರು. ಅವರ ಮುಂದಾಳು ಅಲೆಕ್ಸಾಂಡರ್ ಬುಸ್ಟಮಾಂಟೆ. ಎತ್ತರದ ಆಳು, ಕೆದರಿದ ಕೂದಲು, ಕ್ಯೂಬಾ, ಪನಾಮಾ, ನ್ಯೂಯಾರ್ಕ್ ಸುತ್ತಿ ಬಂದು ಬಡ್ಡಿಗೆ ಸಾಲ ಕೊಡುತ್ತಿದ್ದವರು, ಮಾತಾಡಿದರೆ ಗುಂಪೇ ಉರಿಯುವಂಥ ನಾಲಿಗೆ. ಮ್ಯಾನ್ಲಿಗೆ ದೂರದವರಲ್ಲ, ಇಬ್ಬರ ಅಜ್ಜಿ ಒಬ್ಬಳೇ. ಸರ್ಕಾರ ಬುಸ್ಟಮಾಂಟೆಯನ್ನು ಜೈಲಿಗೆ ಹಾಕಿತು. ಕೋರ್ಟು ಬಿಟ್ಟು ಓಡಿಬಂದ ಮ್ಯಾನ್ಲಿ ಕೂಲಿಗಳ ಪರವಾಗಿ ಮಾತುಕತೆಗೆ ಕೂತರು, ಬುಸ್ಟಮಾಂಟೆಯ ಬಿಡುಗಡೆಗೆ ದುಡಿದರು. ಅದೇ ವರ್ಷ ಸೆಪ್ಟೆಂಬರ್ 18ರಂದು ವಾರ್ಡ್ ಥಿಯೇಟರಿನಲ್ಲಿ ಪೀಪಲ್ಸ್ ನ್ಯಾಷನಲ್ ಪಾರ್ಟಿ ಶುರುವಾದಾಗ ಮ್ಯಾನ್ಲಿ ಅದರ ನಾಯಕರು. ನಮ್ಮ ಸ್ವಾತಂತ್ರ್ಯದ ಮಾತುಕತೆಗೆ 1942ರಲ್ಲಿ ದೆಹಲಿಗೆ ಬಂದ ಸ್ಟ್ಯಾಫರ್ಡ್ ಕ್ರಿಪ್ಸ್ ಅಂದಿನ ಆ ವೇದಿಕೆಯಲ್ಲಿದ್ದರು.

ಮುಂದಿನದು ನಮಗೆ ಚೆನ್ನಾಗಿ ಗೊತ್ತಿರುವ ದಾಯಾದಿ ಕಥೆ. ಯುದ್ಧಕಾಲದಲ್ಲಿ ಬುಸ್ಟಮಾಂಟೆಯನ್ನು ಮತ್ತೆ ಬಂಧನದಲ್ಲಿಟ್ಟಾಗ ಅವರ ಕಾರ್ಮಿಕ ಸಂಘ ಒಡೆಯದಂತೆ ಕಾಪಾಡಿದ್ದು ಮ್ಯಾನ್ಲಿ ಕಡೆಯವರು. 1942ರಲ್ಲಿ ಹೊರಬಂದ ಬುಸ್ಟಮಾಂಟೆ, 'ನನ್ನ ಸಂಘವನ್ನೇ ಕದಿಯಲು ನೋಡಿದರು' ಎಂದು ಮುನಿದು, 1943ರಲ್ಲಿ ಲೇಬರ್ ಪಾರ್ಟಿ ಕಟ್ಟಿದರು. ಎಲ್ಲ ವಯಸ್ಕರಿಗೂ ಮತದ ಹಕ್ಕು ಬೇಕೆಂದು ವರ್ಷಗಟ್ಟಲೆ ಕೂಗಿದವರು ಮ್ಯಾನ್ಲಿ. 1944ರಲ್ಲಿ ಆ ಹಕ್ಕು ಬಂತು, ನಮಗಿಂತ ಏಳು ವರ್ಷ ಮೊದಲು. ಆ ಹಕ್ಕಿನಿಂದ ಜನ ಮಾಡಿದ ಮೊದಲ ಕೆಲಸ ಮ್ಯಾನ್ಲಿಯನ್ನು ಸೋಲಿಸಿದ್ದು. 32 ಸ್ಥಾನಗಳಲ್ಲಿ 22 ಬುಸ್ಟಮಾಂಟೆಗೆ. ಮ್ಯಾನ್ಲಿಗೆ ಸ್ವಂತ ಕ್ಷೇತ್ರವೂ ದಕ್ಕಲಿಲ್ಲ. 1949ರಲ್ಲಿ ತಾವು ಗೆದ್ದರು, ಪಕ್ಷಕ್ಕೆ ಮತವೂ ಹೆಚ್ಚು ಬಂತು, ಆದರೆ ಸ್ಥಾನ ಕಡಿಮೆಯಾಗಿ ಅಧಿಕಾರ ತಪ್ಪಿತು. ಅಧಿಕಾರ ಸಿಕ್ಕಿದ್ದು 1955ರಲ್ಲಿ, ಪಕ್ಷ ಕಟ್ಟಿದ ಹದಿನೇಳನೇ ವರ್ಷಕ್ಕೆ. 10 ಸೆಕೆಂಡಿನ ಓಟಗಾರನಿಗೆ ದೇವರು ಮ್ಯಾರಥಾನ್ ಬರೆದಿದ್ದ.

ಆ ಏಳು ವರ್ಷದ ಆಡಳಿತದ ಬಗ್ಗೆ ಹೇಳಲು ಬಹಳ ಇದೆ. ಒಂದನ್ನಷ್ಟೇ ಹೇಳುತ್ತೇನೆ. ವರ್ಣಭೇದದ ದಕ್ಷಿಣ ಆಫ್ರಿಕಾದ ಜೊತೆ ಭಾರತ 1946ರಲ್ಲೇ ವ್ಯಾಪಾರ ನಿಲ್ಲಿಸಿತ್ತು. ಅದೇ ದಾರಿಯನ್ನು ತೀರಾ ಮೊದಲಿಗೆ ಹಿಡಿದವರಲ್ಲಿ, ಇನ್ನೂ ಬ್ರಿಟಿಷರ ಕೈಕೆಳಗಿದ್ದ ಮ್ಯಾನ್ಲಿಯ ಜಮೈಕಾ ಒಂದು.

ನಾನು ಬರೆಯಲು ಕೂತದ್ದು 1961ರ ಬಗ್ಗೆ. ಬ್ರಿಟಿಷರ ಕೈಕೆಳಗಿದ್ದ ಹಲವು ಕೆರಿಬಿಯನ್ ದ್ವೀಪಗಳು ಸೇರಿ 1958ರಲ್ಲಿ ವೆಸ್ಟ್ ಇಂಡೀಸ್ ಒಕ್ಕೂಟ ಆಗಿತ್ತು. ಚಿಕ್ಕ ಚಿಕ್ಕ ದ್ವೀಪಗಳು ಒಂದೊಂದಾಗಿ ಜಗತ್ತಿನ ಮುಂದೆ ನಿಂತರೆ ಯಾರೂ ಕೇಳುವುದಿಲ್ಲ, ಒಂದಾಗಿ ಸ್ವಾತಂತ್ರ್ಯ ಪಡೆಯೋಣ ಎನ್ನುವುದು ಮ್ಯಾನ್ಲಿಯ ಕನಸು. ಬುಸ್ಟಮಾಂಟೆ ತಿರುಗಿಬಿದ್ದರು. ಬಡ ದ್ವೀಪಗಳ ಹೊರೆಯನ್ನು ನಾವೇಕೆ ಹೊರಬೇಕು ಎಂಬ ಅವರ ಪ್ರಶ್ನೆ ಹಳ್ಳಿಹಳ್ಳಿಗೂ ಹೋಯಿತು. ಶಾಸನಸಭೆಯ 45 ಸ್ಥಾನಗಳಲ್ಲಿ ಮ್ಯಾನ್ಲಿ ಪಕ್ಷಕ್ಕೆ 29 ಇತ್ತು. ಕೈ ಎತ್ತಿಸಿ ಮುಗಿಸಬಹುದಿತ್ತು, ಯಾವ ಕಾನೂನೂ ಅಡ್ಡ ಬರುತ್ತಿರಲಿಲ್ಲ. ಮ್ಯಾನ್ಲಿ ಹಾಗೆ ಮಾಡದೆ, ಜನರನ್ನೇ ಕೇಳೋಣ ಎಂದು ಜನಮತಗಣನೆ ಘೋಷಿಸಿದರು. 1961ರ ಸೆಪ್ಟೆಂಬರ್ 19ರಂದು ಮತದಾನ ನಡೆಯಿತು. ರಾಜಧಾನಿಯವರು ಒಕ್ಕೂಟ ಬೇಕೆಂದರು, ಹಳ್ಳಿಗಳು ಬೇಡವೆಂದವು. ಬೇಡವೆಂದವರು ಶೇ 54.

ವಕೀಲನಾಗಿ ಹೇಳುತ್ತೇನೆ, ಆ ಫಲಿತಾಂಶಕ್ಕೆ ಎಷ್ಟು ತಕರಾರು ಹಾಕಬಹುದಿತ್ತು ಗೊತ್ತೇ? ಪಟ್ಟಿಯಲ್ಲಿದ್ದ ಮತದಾರರಲ್ಲಿ ದೊಡ್ಡ ಭಾಗ ಬಂದೇ ಇಲ್ಲ, ಎದುರಾಳಿ ಸುಳ್ಳು ಹಬ್ಬಿಸಿದ, ಇದು ಸಲಹೆಯಷ್ಟೇ, ಸರ್ಕಾರವನ್ನು ಕಟ್ಟಿಹಾಕುವುದಿಲ್ಲ. ನನ್ನ ಕೈಗೆ ಕೊಟ್ಟಿದ್ದರೆ ಅರ್ಧ ದಿನದಲ್ಲಿ ಹತ್ತು ಪುಟದ ಅರ್ಜಿ ಟೈಪು ಮಾಡಿಸುತ್ತಿದ್ದೆ. 12 ಮತದ ಸೋಲಿಗೇ ನನ್ನ ಹತ್ತಿರ ನಾಲ್ಕು ಕಾರಣಗಳಿದ್ದವು. ದ್ವೀಪದ ಅಗ್ರ ವಕೀಲ ಒಂದೂ ಅರ್ಜಿ ಬರೆಯಲಿಲ್ಲ. ಗೆರೆ ಎಳೆದವರು ಅವರೇ. ಒಪ್ಪಿಕೊಂಡರು.

ಅಷ್ಟಕ್ಕೇ ನಿಲ್ಲಲಿಲ್ಲ. ಜಮೈಕಾ ಒಂಟಿಯಾಗಿ ಸ್ವತಂತ್ರವಾಗುವುದು ಖಚಿತವಾಯಿತು. ವಿರೋಧ ಪಕ್ಷದವರನ್ನೂ ಕೂಡಿಸಿಕೊಂಡು ಸಂವಿಧಾನ ಬರೆಸಿದರು. ಸರ್ಕಾರದ ಅವಧಿ 1964ರವರೆಗೆ ಇತ್ತು. ಸುಮ್ಮನಿದ್ದಿದ್ದರೆ ಮೊದಲ ಪ್ರಧಾನಿಯ ಪಟ್ಟ ತಾನಾಗಿ ಬಂದು ಕೂರುತ್ತಿತ್ತು. ಹೊಸ ದೇಶದ ಮೊದಲ ಸರ್ಕಾರವನ್ನು ಜನ ಆರಿಸಲಿ ಎಂದು 1962ರ ಏಪ್ರಿಲಿನಲ್ಲಿ ಚುನಾವಣೆ ಕರೆದರು. 26ಕ್ಕೆ 19ರಿಂದ ಸೋತರು. ಆಗಸ್ಟ್ 6ರ ನಡುರಾತ್ರಿ, ಅವರ ಸರ್ಕಾರದ ಕಾಲದಲ್ಲೇ ಕಟ್ಟಲು ಶುರುವಾದ ನ್ಯಾಷನಲ್ ಸ್ಟೇಡಿಯಮ್ಮಿನಲ್ಲಿ ಬ್ರಿಟಿಷ್ ಬಾವುಟ ಇಳಿದು ಜಮೈಕಾದ ಬಾವುಟ ಏರಿತು. ಪ್ರಧಾನಿಯಾಗಿದ್ದವರು ಬುಸ್ಟಮಾಂಟೆ, ವಿರೋಧ ಪಕ್ಷದ ನಾಯಕ ಮ್ಯಾನ್ಲಿ. ಸ್ವಾತಂತ್ರ್ಯಕ್ಕೆ ಇಪ್ಪತ್ತನಾಲ್ಕು ವರ್ಷ ದುಡಿದವರು ಆ ಪಟ್ಟದಲ್ಲಿ ಒಂದು ದಿನವೂ ಕೂರಲಿಲ್ಲ.

'ಇದು ದಡ್ಡತನ ಅಲ್ಲವೇ ಸಾರ್?' ಎಂದು ನಮ್ಮ ಆಫೀಸಿನ ಜೂನಿಯರ್ ಕೇಳಿದ. ಪ್ರಶ್ನೆ ಸುಲಭದ್ದಲ್ಲ. ಜಮೈಕಾ ಹೊರನಡೆದ ಮೇಲೆ ಟ್ರಿನಿಡಾಡ್ ಕೂಡ ಹೊರಟಿತು, 1962ರ ಮೇ 31ಕ್ಕೆ ಒಕ್ಕೂಟವೇ ಮುಗಿಯಿತು. ಇವತ್ತು ಆ ಕನಸಿನ ಪಳೆಯುಳಿಕೆ ಎಂದರೆ ಒಂದು ವಿಶ್ವವಿದ್ಯಾಲಯ, ಒಂದು ಕ್ರಿಕೆಟ್ ತಂಡ. ನಾಯಕನಾದವನು ಜನರಿಗಿಂತ ಮುಂದೆ ನೋಡಬೇಕು, ಜನರ ಹೆದರಿಕೆಯ ಮೇಲೆ ದೇಶದ ಭವಿಷ್ಯವನ್ನು ಪಣಕ್ಕಿಡಬಾರದು ಎಂದು ವಾದಿಸುವವರಿದ್ದಾರೆ. ಅವರ ವಾದದಲ್ಲಿ ತೂಕವಿದೆ. ಮ್ಯಾನ್ಲಿಯ ತಪ್ಪು ನನಗೆ ಕಾಣುವುದು ಬೇರೆ ಕಡೆ. ಹಳ್ಳಿಯವನಿಗೆ ಒಕ್ಕೂಟ ಏಕೆ ಬೇಕು ಎಂದು ಹಳ್ಳಿಯ ಮಾತಿನಲ್ಲಿ ಹೇಳಲು ಅವರಿಗೆ ಆಗಲಿಲ್ಲ. ಕೋರ್ಟಿನಲ್ಲಿ ನ್ಯಾಯಾಧೀಶರನ್ನು ಒಪ್ಪಿಸುವ ಮಾತು ಬೇರೆ, ಸಂತೆಯಲ್ಲಿ ಒಪ್ಪಿಸುವ ಮಾತು ಬೇರೆ. ಬುಸ್ಟಮಾಂಟೆಗೆ ಸಂತೆಯ ಮಾತು ಗೊತ್ತಿತ್ತು. ವಕೀಲರಾದ ನಮಗೆಲ್ಲ ಅದು ಪಾಠ.

ಕೇಳಿದ್ದು ಮಾತ್ರ ತಪ್ಪಲ್ಲ. ಜನರನ್ನು ಕೇಳದೆ ಕಟ್ಟಿದ ಮನೆಯಲ್ಲಿ ಜನ ಎಷ್ಟು ದಿನ ಇರುತ್ತಾರೆ? ಓಟದ ನಿಯಮ ಓಟಗಾರನಿಗೆ ಒಂದು ವಿಚಿತ್ರ ಶಿಸ್ತು ಕಲಿಸುತ್ತದೆ: ಗೆರೆ ಎಲ್ಲಿದೆ ಎಂದು ಓಡುವ ಮೊದಲೇ ಎಲ್ಲರೂ ಒಪ್ಪಿರಬೇಕು, ಓಡಿದ ಮೇಲೆ ಅದನ್ನು ಸರಿಸುವಂತಿಲ್ಲ. ನಮ್ಮಲ್ಲೂ ಇಂಥವರು ಬಂದಿಲ್ಲವೆಂದಲ್ಲ. 1928ರ ಆಮ್‌ಸ್ಟರ್‌ಡ್ಯಾಮ್ ಒಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದ ಹಾಕಿ ತಂಡಕ್ಕೆ ನಾಯಕರಾಗಿದ್ದ ಜೈಪಾಲ್ ಸಿಂಗ್ ಮುಂಡಾ, ಸಂವಿಧಾನ ಸಭೆಯಲ್ಲಿ ಆದಿವಾಸಿಗಳ ದನಿಯಾದರು. ಅವರ ಹೆಸರು ನಮ್ಮ ಎಷ್ಟು ಮಕ್ಕಳಿಗೆ ಗೊತ್ತು?

ಈಗ ನಮ್ಮ ಮನೆಯ ಕಡೆ ತಿರುಗೋಣ. ಕರ್ನಾಟಕದಲ್ಲಿ ಜಿಲ್ಲಾ ಮತ್ತು ತಾಲ್ಲೂಕು ಪಂಚಾಯಿತಿಗಳ ಅವಧಿ 2021ರಲ್ಲಿ ಮುಗಿಯಿತು. ಬೆಂಗಳೂರು ಮಹಾನಗರ ಪಾಲಿಕೆಯದು ಅದಕ್ಕೂ ಮೊದಲು, 2020ರ ಸೆಪ್ಟೆಂಬರಿನಲ್ಲಿ. ಐದು ವರ್ಷಕ್ಕೊಮ್ಮೆ ಚುನಾವಣೆ ಆಗಲೇಬೇಕೆಂದು ಸಂವಿಧಾನ ಬರೆದಿಟ್ಟಿದೆ. ಆದರೂ ವರ್ಷಗಟ್ಟಲೆ ಆಗಲಿಲ್ಲ. ಕ್ಷೇತ್ರ ವಿಂಗಡಣೆ ಎಂದರು, ಮೀಸಲಾತಿ ಪಟ್ಟಿ ಎಂದರು, ಕೋರ್ಟಿನಲ್ಲಿದೆ ಎಂದರು. ಸರ್ಕಾರ ಬದಲಾಯಿತು, ಪಕ್ಷ ಬದಲಾಯಿತು, ನೆಪ ಮಾತ್ರ ಕೈಯಿಂದ ಕೈಗೆ ರಿಲೇ ಕೋಲಿನಂತೆ ಸಾಗಿತು. ನಮ್ಮ ತಾಲ್ಲೂಕು ಪಂಚಾಯಿತಿಯ ಸಭಾಂಗಣದಲ್ಲಿ ಸದಸ್ಯರ ಕುರ್ಚಿಗಳ ಮೇಲೆ ದೂಳು ಕೂತಿರುವುದನ್ನು ಕಣ್ಣಾರೆ ಕಂಡಿದ್ದೇನೆ. ಸೋಲಬಾರದೆಂದರೆ ಓಟವನ್ನೇ ನಡೆಸದಿರುವುದು ಎಲ್ಲಕ್ಕಿಂತ ಸುಲಭದ ಉಪಾಯ. ಕರೆಯಲೇಬೇಕಾದ ಚುನಾವಣೆಯನ್ನು ಕರೆಯದವರು ಒಂದು ಕಡೆ, ಕರೆಯಬೇಕಿಲ್ಲದ ಎರಡು ಮತದಾನಗಳನ್ನು ಒಂದೇ ವರ್ಷದೊಳಗೆ ಕರೆದು ಎರಡರಲ್ಲೂ ಸೋತವರು ಇನ್ನೊಂದು ಕಡೆ. ನಮ್ಮ ಪಕ್ಷಗಳು ಮುಂದಿನ ಸಲ ಪದಕ ಗೆದ್ದವರಿಗೆ ಟಿಕೆಟ್ ಕೊಡುವಾಗ ಎಷ್ಟು ಗೆದ್ದೆ ಎಂದು ಕೇಳುವುದರ ಜೊತೆಗೆ, ಸೋತ ದಿನ ಗೆದ್ದವನ ಕೈ ಕುಲುಕಿದೆಯಾ ಎಂದೂ ಕೇಳಲಿ.

ಮ್ಯಾನ್ಲಿಯನ್ನು ದೇವರ ಗೂಡಿನಲ್ಲಿ ಕೂರಿಸುವುದು ನನ್ನ ಉದ್ದೇಶವಲ್ಲ. ಅವರು 1969ರಲ್ಲಿ ಪಕ್ಷದ ನಾಯಕತ್ವ ಬಿಟ್ಟಾಗ ಆ ಜಾಗಕ್ಕೆ ಬಂದದ್ದು ಅವರ ಮಗನೇ. ಪಕ್ಷದೊಳಗೆ ಮತ ಹಾಕಿಯೇ ಆರಿಸಿದರು, ನಿಜ. ಆದರೂ ನಮ್ಮ ಊರಿನವರಿಗೆ ಆ ಕಥೆಯ ಕೊನೆ ಓದದೆಯೇ ಗೊತ್ತಾಗುತ್ತದೆ. ಅದೇ ವರ್ಷ ಸೆಪ್ಟೆಂಬರ್ 2ರಂದು ಮ್ಯಾನ್ಲಿ ತೀರಿಕೊಂಡರು. ಜಮೈಕಾ ಅವರನ್ನೂ ಬುಸ್ಟಮಾಂಟೆಯನ್ನೂ ರಾಷ್ಟ್ರವೀರರೆಂದು ಸಾರಿತು. ಬದುಕಿಡೀ ಎದುರುಬದುರು ನಿಂತ ಆ ಇಬ್ಬರು ಮೊಮ್ಮಕ್ಕಳು ಈಗ ಕಿಂಗ್‌ಸ್ಟನ್ನಿನ ಒಂದೇ ಉದ್ಯಾನದಲ್ಲಿ ಮಲಗಿದ್ದಾರೆ.

ನನ್ನ ಕಥೆಯನ್ನೂ ಮುಗಿಸಿಬಿಡುತ್ತೇನೆ. ಮೂರು ತಿಂಗಳ ನಂತರ ಒಂದು ದಿನ ಕ್ಯಾಂಟೀನಿನಲ್ಲಿ ಬೇರೆ ಬೆಂಚು ಖಾಲಿ ಇರಲಿಲ್ಲ. ಗೆಳೆಯನ ಪಕ್ಕದಲ್ಲೇ ಕೂರಬೇಕಾಯಿತು. ಅವನು ಏನೂ ಮಾತಾಡದೆ ತನ್ನ ಲೋಟದ ಅರ್ಧ ಕಾಫಿಯನ್ನು ನನ್ನ ಲೋಟಕ್ಕೆ ಬಗ್ಗಿಸಿದ. ಈ ವರ್ಷ ಸಂಘಕ್ಕೆ ಮತ್ತೆ ಚುನಾವಣೆ. ನಿಲ್ಲುತ್ತೇನೆ ಎಂದು ಹೆಂಡತಿಗೆ ಹೇಳಿದೆ. ಜೊತೆಗೆ, ಈ ಸಲ ಮರುಎಣಿಕೆ ಕೇಳುವುದಿಲ್ಲ ಎಂದೂ ಮಾತು ಕೊಟ್ಟೆ.

'ಹನ್ನೊಂದರಲ್ಲಿ ಸೋತರೂ?'

'ಸೋತರೂ.'

'ಒಂದರಲ್ಲಿ?'

ಸ್ವಲ್ಪ ಹೊತ್ತು ಯೋಚಿಸಿದೆ. 'ಒಂದಾದರೆ ಕೇಳ್ತೀನಿ. ಕಾನೂನಿದೆ.'